ಚುನಾವಣೆಯ ತಕರಾರು ಸಂಘದ ವ್ಯವಹಾರವನ್ನು ಕೆಡಿಸಬಾರದು



ಸಹಕಾರ ಸಂಘದ ಆಡಳಿತ ಮಂಡಳಿಗೆ ಚುನಾವಣೆ ಬರುವುದು ಐದು ವರ್ಷಕ್ಕೊಮ್ಮೆ. ಆದರೆ ಕೆಲವು ಸಂಘಗಳಲ್ಲಿ ಆ ಚುನಾವಣೆಯ ತಕರಾರು ಮಾತ್ರ ಐದು ವರ್ಷವೂ ನಡೆಯುತ್ತದೆ. ಒಂದು ಚುನಾವಣೆಯ ದಾವೆ ಮುಗಿಯುವುದರೊಳಗೆ ಮುಂದಿನ ಚುನಾವಣೆಯ ಪ್ರಕಟಣೆ ಹೊರಬೀಳುತ್ತದೆ. ಗೆದ್ದವರಿಗೆ ಆಡಳಿತ ನಡೆಸಿದ ತೃಪ್ತಿಯಿಲ್ಲ, ಸೋತವರಿಗೆ ನ್ಯಾಯ ಸಿಕ್ಕಿದ ಸಮಾಧಾನವಿಲ್ಲ. ನಡುವೆ ನಷ್ಟಕ್ಕೆ ಗುರಿಯಾಗುವವನು ಅಡಿಕೆ ಚೀಲ ತಂದು ಸಂಘದ ಅಂಗಳದಲ್ಲಿ ಇಳಿಸುವ ಸಾಮಾನ್ಯ ಸದಸ್ಯ. ಆದ್ದರಿಂದ ಈ ವಿಷಯವನ್ನು ಯಾರ ಪಕ್ಷವನ್ನೂ ವಹಿಸದೆ, ತೋಟಗಾರರ ಹಿತದೃಷ್ಟಿಯಿಂದ ನಾಲ್ಕು ಮಾತಿನಲ್ಲಿ ವಿಚಾರ ಮಾಡುವುದು ಉಚಿತವೆಂದು ತೋರುತ್ತದೆ.

ನಷ್ಟ ಯಾರಿಗೆ?

ಫಲಿತಾಂಶ ತಡೆಹಿಡಿಯಲ್ಪಟ್ಟು ಹಳೆಯ ಮಂಡಳಿಯ ಅವಧಿ ಮುಗಿದರೆ ಸಂಘಕ್ಕೆ ಆಡಳಿತಾಧಿಕಾರಿ ಬರುತ್ತಾರೆ. ಅವರು ಸರ್ಕಾರಿ ಅಧಿಕಾರಿ. ಅವರಿಗೆ ತಮ್ಮ ಇಲಾಖೆಯ ಕೆಲಸವೂ ಇರುತ್ತದೆ, ಒಮ್ಮೊಮ್ಮೆ ಬೇರೆ ಸಂಸ್ಥೆಗಳ ಹೊಣೆಯೂ ಇರುತ್ತದೆ. ದಿನನಿತ್ಯದ ಕಾಗದಕ್ಕೆ ರುಜು ಹಾಕುವುದು, ಸಿಬ್ಬಂದಿಯ ಸಂಬಳ ಕೊಡುವುದು ನಡೆಯುತ್ತದೆ. ಆದರೆ ಮಳೆಗಾಲಕ್ಕೆ ಮುಂಚೆ ಮೈಲುತುತ್ತ, ಸುಣ್ಣ, ಗೊಬ್ಬರ ಎಷ್ಟು ತರಿಸಬೇಕು, ದಾಸ್ತಾನಿನ ಮೇಲೆ ಮುಂಗಡ ಎಷ್ಟು ಕೊಡಬೇಕು, ಸೋರುವ ಗೋದಾಮಿಗೆ ಯಾವಾಗ ಹೊದಿಕೆ ಹಾಕಬೇಕು ಎಂಬ ನಿರ್ಧಾರಗಳನ್ನು ತೋಟದ ಅನುಭವವುಳ್ಳ ಮಂಡಳಿ ತೆಗೆದುಕೊಳ್ಳುವಷ್ಟು ಬೇಗ ಹೊರಗಿನವರು ತೆಗೆದುಕೊಳ್ಳಲಾರರು. ಇದು ಆ ಅಧಿಕಾರಿಯ ದೋಷವಲ್ಲ, ವ್ಯವಸ್ಥೆಯ ಮಿತಿ.

ಅಷ್ಟರಲ್ಲಿ ಕೊನೆಕೊಯ್ಲು ಮುಗಿಯುತ್ತದೆ, ಕಾಫಿ ಕಣದಲ್ಲಿ ಒಣಗುತ್ತದೆ. ಸದಸ್ಯನಿಗೆ ಹಣ ಬೇಕು. ಸಂಘದಲ್ಲಿ ಮುಂಗಡ ತಡವಾದರೆ ಅವನು ಪೇಟೆಯ ಖಾಸಗಿ ವ್ಯಾಪಾರಿಯ ಬಾಗಿಲಿಗೆ ಹೋಗುತ್ತಾನೆ. ಒಮ್ಮೆ ಹೋದ ಗಿರಾಕಿ ಮರಳಿ ಬರುವುದು ಸುಲಭವಲ್ಲ. ಇಬ್ಬರ ಜಗಳ ಮೂರನೆಯವನಿಗೆ ಲಾಭ ಎಂಬ ಗಾದೆ ನಮ್ಮ ಸಂಘಗಳ ಮಟ್ಟಿಗೆ ಅಕ್ಷರಶಃ ನಿಜ.

1905ರಲ್ಲಿ ಗದಗ ಸೀಮೆಯ ಕಣಗಿನಹಾಳದಲ್ಲಿ ಸಿದ್ಧನಗೌಡ ಸಣ್ಣರಾಮನಗೌಡ ಪಾಟೀಲರು ಸಹಕಾರ ಸಂಘವನ್ನು ಕಟ್ಟಿದರು. ದಕ್ಷಿಣ ಕನ್ನಡದಲ್ಲಿ ಮೊಳಹಳ್ಳಿ ಶಿವರಾಯರು ಊರೂರು ತಿರುಗಿ ಸಹಕಾರದ ಬೇರು ಬಿಡಿಸಿದರು. 1923ರಲ್ಲಿ ಶಿರಸಿಯ ತೋಟಗಾರರು ತಮ್ಮದೇ ಮಾರಾಟ ಸಂಘವನ್ನು ಸ್ಥಾಪಿಸಿಕೊಂಡರು. ಅಡಿಕೆ ಧಾರಣೆ ಕುಸಿದು ಬೆಳೆಗಾರ ಕಂಗಾಲಾಗಿದ್ದ ಕಾಲದಲ್ಲಿ, 1973ರಲ್ಲಿ, ವಾರಣಾಶಿ ಸುಬ್ರಾಯ ಭಟ್ಟರ ಮುಂದಾಳುತನದಲ್ಲಿ ಮಂಗಳೂರಿನಲ್ಲಿ ಕ್ಯಾಂಪ್ಕೊ ಹುಟ್ಟಿತು. ಇವೆಲ್ಲವೂ ಬೆಳೆಗಾರನನ್ನು ಸಾಲಗಾರನ ಮತ್ತು ದಲ್ಲಾಳಿಯ ಹಿಡಿತದಿಂದ ಬಿಡಿಸಲು ನಡೆದ ಪ್ರಯತ್ನಗಳು. ಅಂಥ ಸಂಸ್ಥೆಯನ್ನು ನಮ್ಮ ನಮ್ಮೊಳಗಿನ ಮತದ ಜಗಳದಿಂದ ದುರ್ಬಲಗೊಳಿಸಿ, ಅದೇ ಹಿಡಿತಕ್ಕೆ ನಾವಾಗಿಯೇ ಮರಳುವುದು ಬುದ್ಧಿವಂತಿಕೆಯಲ್ಲ.

ತಕರಾರಿನ ಮೂಲ ಎಲ್ಲಿದೆ?

ಸಹಕಾರ ಸಂಘದಲ್ಲಿ ಒಬ್ಬ ಸದಸ್ಯನಿಗೆ ಒಂದೇ ಮತ. ಹತ್ತು ಗುಂಟೆ ಅಡಿಕೆ ತೋಟದವನಿಗೂ ನೂರು ಎಕರೆ ಕಾಫಿ ಎಸ್ಟೇಟಿನವನಿಗೂ ಇದರಲ್ಲಿ ವ್ಯತ್ಯಾಸವಿಲ್ಲ. ಸಣ್ಣವನಿಗೆ ಸಂಘದಲ್ಲಿರುವ ಬಲವೆಲ್ಲ ಈ ಒಂದು ಮತದಲ್ಲಿದೆ. ಆದಕಾರಣ ಮತದಾರರ ಪಟ್ಟಿಯಲ್ಲಿ ಯಾರ ಹೆಸರಿದೆ, ಯಾರದಿಲ್ಲ ಎಂಬುದೇ ಬಹುಪಾಲು ತಕರಾರುಗಳ ಮೂಲ.

ತಂದೆ ತೀರಿಕೊಂಡು ವರ್ಷಗಳಾದರೂ ಷೇರು ಅವರ ಹೆಸರಿನಲ್ಲೇ ಇರುತ್ತದೆ. ಅಣ್ಣತಮ್ಮಂದಿರು ಹಿಸ್ಸೆಯಾದರೂ ಪಹಣಿಯಲ್ಲಿ ಬದಲಾವಣೆಯಾಗಿರುವುದಿಲ್ಲ. ಷೇರು ಹಣದಲ್ಲಿ ಸ್ವಲ್ಪ ಕೊರತೆ ಬಿದ್ದುದು ಸದಸ್ಯನಿಗೆ ತಿಳಿದೇ ಇರುವುದಿಲ್ಲ. ಸಾಲದ ಕಂತು ತಪ್ಪಿ ಸುಸ್ತಿದಾರನಾದವನು, ತೀರಿಸಿದ ರಶೀದಿ ತೋರಿಸಿದರೂ ಪಟ್ಟಿ ತಿದ್ದಿರುವುದಿಲ್ಲ. ಪ್ರಾಥಮಿಕ ಪತ್ತಿನ ಸಂಘಗಳಲ್ಲಿ ಸಾಲಗಾರರ ಕ್ಷೇತ್ರ, ಸಾಲಗಾರರಲ್ಲದವರ ಕ್ಷೇತ್ರ ಎಂದು ಎರಡು ಇರುವುದರಿಂದ ಯಾರು ಯಾವುದಕ್ಕೆ ಸೇರಿದವರು ಎಂಬ ಗೊಂದಲ ಬೇರೆ.

ಇವುಗಳ ಜೊತೆಗೆ 2013ರ ತಿದ್ದುಪಡಿಯ ಕಾಲದಿಂದ ಇನ್ನೆರಡು ಕಾರಣಗಳು ಮುನ್ನೆಲೆಗೆ ಬಂದಿವೆ. ವಾರ್ಷಿಕ ಮಹಾಸಭೆಗಳಿಗೆ ಗೈರುಹಾಜರಾದವರು ಮತ್ತು ಸಂಘದೊಡನೆ ಗೊತ್ತುಪಡಿಸಿದ ಕನಿಷ್ಠ ವ್ಯವಹಾರ ಮಾಡದವರು ಮತದ ಹಕ್ಕು ಕಳೆದುಕೊಳ್ಳುವ ಪ್ರಸಂಗ ಅದು. ಇದರ ಉದ್ದೇಶ ಕೆಟ್ಟದ್ದೆಂದು ಯಾರೂ ಹೇಳಲಾರರು. ಐದು ವರ್ಷ ಫಸಲನ್ನೆಲ್ಲ ಹೊರಗೆ ಮಾರಿ, ಚುನಾವಣೆಯ ದಿನ ಮಾತ್ರ ಜೀಪು ಹತ್ತಿ ಬರುವ ಸದಸ್ಯನಿಗಿಂತ ಪ್ರತಿ ವರ್ಷ ಸಂಘಕ್ಕೇ ಮಾಲು ಹಾಕುವ ಸದಸ್ಯನ ಮಾತಿಗೆ ಬೆಲೆ ಇರಬೇಕಾದುದು ನ್ಯಾಯವೇ. ಆದರೆ ಮಲೆನಾಡಿನಲ್ಲಿ ಮಹಾಸಭೆ ಸಾಮಾನ್ಯವಾಗಿ ಕೂಡುವುದು ಆಗಸ್ಟ್–ಸೆಪ್ಟೆಂಬರ್ ತಿಂಗಳಲ್ಲಿ. ಹಳ್ಳ ತುಂಬಿದ್ದರೆ ಮುದುಕರೂ ಹೆಂಗಸರೂ ದಾಟಿ ಬರುವುದು ಹೇಗೆ? ಬಂದವರೂ ಹಾಜರಿ ಪುಸ್ತಕಕ್ಕೆ ರುಜು ಹಾಕದೆ ಊಟ ಮುಗಿಸಿ ಹೋದದ್ದುಂಟು. ಬಾರದವರ ರುಜುವನ್ನು ಬೇರೆಯವರು ಹಾಕಿದ್ದೂ ಉಂಟು. ಇವೆಲ್ಲ ಚುನಾವಣೆ ಬಂದಾಗ ಒಮ್ಮೆಗೇ ಮೇಲೇಳುತ್ತವೆ.

ಆಗ ನಡೆಯುವುದೇನು? ಅನರ್ಹರ ಪಟ್ಟಿ ನೋಡಿ ಗಾಬರಿಯಾದ ಸದಸ್ಯರು ಗುಂಪಾಗಿ ಉಚ್ಚ ನ್ಯಾಯಾಲಯಕ್ಕೆ ರಿಟ್ ಅರ್ಜಿ ಹಾಕುತ್ತಾರೆ. ಚುನಾವಣೆಯನ್ನು ನಿಲ್ಲಿಸದೆ ಅವರಿಗೆ ಮತ ಹಾಕಲು ಅವಕಾಶ ಕೊಡುವ ಮಧ್ಯಂತರ ಆದೇಶ ಬರುವುದುಂಟು. ಅವರ ಮತಗಳನ್ನು ಬೇರೆ ಪೆಟ್ಟಿಗೆಯಲ್ಲಿ ಇಟ್ಟು, ಮುಂದಿನ ಆದೇಶದವರೆಗೆ ಫಲಿತಾಂಶ ಘೋಷಿಸದಿರುವ ಪರಿಪಾಠವೂ ಹಲವೆಡೆ ಕಂಡುಬಂದಿದೆ. ಮತದಾನವಾಗಿದೆ, ಮಂಡಳಿಯಿಲ್ಲ. ಮದುವೆಯ ಊಟ ಮುಗಿದರೂ ಧಾರೆಯಾಗಿಲ್ಲ ಎಂಬಂಥ ಸ್ಥಿತಿ ಇದು.

ಕಾನೂನು ತೋರಿಸುವ ದಾರಿ

ಹಾಗಾದರೆ ಅನ್ಯಾಯವಾದವನು ಸುಮ್ಮನಿರಬೇಕೆ? ಖಂಡಿತ ಬೇಡ. ಆದರೆ ಯಾವ ಬಾಗಿಲನ್ನು ಯಾವಾಗ ತಟ್ಟಬೇಕೆಂಬುದು ತಿಳಿದಿರಬೇಕು.

ನಮ್ಮ ಹೋಬಳಿ, ತಾಲ್ಲೂಕು ಸಂಘಗಳಿಗೆ ಅನ್ವಯಿಸುವುದು 1959ರ ಕರ್ನಾಟಕ ಸಹಕಾರ ಸಂಘಗಳ ಕಾಯಿದೆ. ಅದರ 70ನೇ ಪ್ರಕರಣದಂತೆ ಆಡಳಿತ ಮಂಡಳಿಯ ಸದಸ್ಯರ, ಅಧ್ಯಕ್ಷ–ಉಪಾಧ್ಯಕ್ಷರ ಚುನಾವಣೆಗೆ ಸಂಬಂಧಪಟ್ಟ ವಿವಾದವನ್ನು ಸಹಕಾರ ಸಂಘಗಳ ನಿಬಂಧಕರ ತೀರ್ಮಾನಕ್ಕೆ ಒಪ್ಪಿಸಬೇಕು. ಕಾರ್ಯತಃ ಅದನ್ನು ವಿಚಾರಿಸುವವರು ಆ ಅಧಿಕಾರ ಪಡೆದ ಅವರ ಕೈಕೆಳಗಿನ ಅಧಿಕಾರಿಗಳು. ಹಾಗೆ ನಿಬಂಧಕರ ಮುಂದೆ ಹೋಗಬೇಕಾದ ವಿವಾದವನ್ನು ಸಿವಿಲ್ ನ್ಯಾಯಾಲಯ ವಿಚಾರಿಸುವಂತಿಲ್ಲ ಎಂದು 118ನೇ ಪ್ರಕರಣ ಹೇಳುತ್ತದೆ. ಆದ್ದರಿಂದ ಮುನ್ಸೀಫ್ ಕೋರ್ಟಿನಲ್ಲಿ ತಡೆಯಾಜ್ಞೆಗೆ ದಾವೆ ಹೂಡಿ ತಿಂಗಳುಗಟ್ಟಲೆ ಅಲೆಯುವುದು ಹಣಕ್ಕೂ ಕಾಲಕ್ಕೂ ನಷ್ಟ. ನಿಬಂಧಕರ ತೀರ್ಪು ಒಪ್ಪಿಗೆಯಾಗದಿದ್ದರೆ ಕರ್ನಾಟಕ ಮೇಲ್ಮನವಿ ನ್ಯಾಯಾಧಿಕರಣವಿದೆ. ವಿವಾದ ಸಲ್ಲಿಸಲು ಇರುವ ಅವಧಿ ಚಿಕ್ಕದು. ಫಲಿತಾಂಶ ಘೋಷಣೆಯಾದ ವಾರದಲ್ಲೇ ತಿಳಿದವರನ್ನು ಕಂಡು ಕಾಗದ ಸಿದ್ಧಪಡಿಸಿಕೊಳ್ಳುವುದು ಕ್ಷೇಮ.

ಕ್ಯಾಂಪ್ಕೊದಂತೆ ಒಂದಕ್ಕಿಂತ ಹೆಚ್ಚು ರಾಜ್ಯಗಳಲ್ಲಿ ವ್ಯಾಪ್ತಿಯಿರುವ ಸಂಸ್ಥೆಗಳ ದಾರಿ ಬೇರೆ. ಅವು 2002ರ ಬಹುರಾಜ್ಯ ಸಹಕಾರ ಸಂಘಗಳ ಕಾಯಿದೆಗೆ ಒಳಪಟ್ಟಿವೆ. ಅಲ್ಲಿ ಚುನಾವಣಾ ವಿವಾದ 84ನೇ ಪ್ರಕರಣದಂತೆ ಪಂಚಾಯ್ತಿದಾರರ, ಎಂದರೆ ಮಧ್ಯಸ್ಥಗಾರರ ಮುಂದೆ ಹೋಗುತ್ತದೆ. ಫಲಿತಾಂಶ ಘೋಷಣೆಯಾದ ದಿನದಿಂದ ಒಂದು ತಿಂಗಳೊಳಗೆ ಸಲ್ಲಿಸಬೇಕು. 2023ರ ತಿದ್ದುಪಡಿಯಿಂದ ಇಂಥ ಸಂಸ್ಥೆಗಳ ಚುನಾವಣೆ ನಡೆಸಲು ಪ್ರತ್ಯೇಕ ಚುನಾವಣಾ ಪ್ರಾಧಿಕಾರವೂ ಬಂದಿದೆ. 1997ರ ಸೌಹಾರ್ದ ಕಾಯಿದೆಯ ಸಹಕಾರಿಗಳಿಗೆ ಆ ಕಾಯಿದೆಯದೇ ನಿಯಮ. ತಮ್ಮ ಸಂಘ ಯಾವ ಕಾಯಿದೆಯಲ್ಲಿ ನೋಂದಣಿಯಾಗಿದೆ ಎಂಬುದನ್ನು ಪ್ರತಿಯೊಬ್ಬ ಸದಸ್ಯನೂ ತಿಳಿದಿರತಕ್ಕದ್ದು.

ಇಲ್ಲಿ ಸಂವಿಧಾನದ 97ನೇ ತಿದ್ದುಪಡಿಯ ಮಾತನ್ನೂ ಹೇಳಬೇಕು. 2012ರ ಫೆಬ್ರವರಿಯಲ್ಲಿ ಜಾರಿಗೆ ಬಂದ ಆ ತಿದ್ದುಪಡಿ, ಹಳೆಯ ಮಂಡಳಿಯ ಅವಧಿ ಮುಗಿಯುವ ಮುಂಚೆಯೇ ಚುನಾವಣೆ ನಡೆಯಬೇಕು, ಮತದಾರರ ಪಟ್ಟಿ ಮತ್ತು ಚುನಾವಣೆಯ ಮೇಲ್ವಿಚಾರಣೆ ಶಾಸನಸಭೆ ಗೊತ್ತುಮಾಡಿದ ಪ್ರಾಧಿಕಾರದ ಕೈಯಲ್ಲಿರಬೇಕು ಎಂದು ವಿಧಿಸಿತು. ಅದನ್ನು ಅನುಸರಿಸಿ ನಮ್ಮ ರಾಜ್ಯದಲ್ಲಿ 2013ರ ತಿದ್ದುಪಡಿಯಿಂದ ಸಹಕಾರ ಚುನಾವಣಾ ಪ್ರಾಧಿಕಾರ ಏರ್ಪಟ್ಟಿತು. 2021ರ ಜುಲೈ 20ರಂದು ಸರ್ವೋಚ್ಚ ನ್ಯಾಯಾಲಯ, ರಾಜ್ಯ ಶಾಸನಸಭೆಗಳ ಅನುಮೋದನೆ ಪಡೆಯದ ಕಾರಣ ಆ ತಿದ್ದುಪಡಿಯ ಸಹಕಾರ ಭಾಗವು ಬಹುರಾಜ್ಯ ಸಂಘಗಳಿಗೆ ಮಾತ್ರ ಅನ್ವಯಿಸುತ್ತದೆಂದು ತೀರ್ಪಿತ್ತಿತು. ಆದರೆ ನಮ್ಮ ಶಾಸನಸಭೆಯೇ ಮಾಡಿಕೊಂಡ ತಿದ್ದುಪಡಿಗಳು ಅದರಿಂದ ತಾವಾಗಿಯೇ ಬಿದ್ದುಹೋಗಲಿಲ್ಲ. 'ಪ್ರಾಧಿಕಾರವೇ ರದ್ದಾಯಿತು' ಎಂದು ಚಾವಡಿಯಲ್ಲಿ ಕುಳಿತು ಹೇಳುವವರ ಮಾತನ್ನು ನಂಬಬೇಕಾಗಿಲ್ಲ.

ಇನ್ನೊಂದು ತೀರ್ಪು ನಮಗೆ ಹೆಚ್ಚು ಹತ್ತಿರದ್ದು. ಮಹಾರಾಷ್ಟ್ರದ ಒಂದು ಹಾಲು ಉತ್ಪಾದಕರ ಸಂಘದ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯ 2001ರಲ್ಲಿ ಹೀಗೆಂದಿತು: ಮತದಾರರ ಪಟ್ಟಿಯ ತಯಾರಿಕೆಯೂ ಚುನಾವಣಾ ಕ್ರಮದ ಒಂದು ಹಂತವೇ; ಕ್ರಮ ಒಮ್ಮೆ ಆರಂಭವಾದ ಮೇಲೆ ಪಟ್ಟಿಯಲ್ಲಿ ದೋಷವಿದೆಯೆಂದು ಚುನಾವಣೆಯನ್ನು ತಡೆಯುವುದು ಯುಕ್ತವಲ್ಲ; ಫಲಿತಾಂಶದ ಬಳಿಕ ಚುನಾವಣಾ ವಿವಾದ ಹೂಡುವುದೇ ಪರಿಹಾರ. ಇದರ ತಾತ್ಪರ್ಯ ಸ್ಪಷ್ಟ. ಪಟ್ಟಿಯ ತಪ್ಪನ್ನು ತಿದ್ದಿಸಿಕೊಳ್ಳಲು ಒಳ್ಳೆಯ ಕಾಲ ಚುನಾವಣೆ ಪ್ರಕಟವಾಗುವುದಕ್ಕೆ ಮುಂಚೆ. ಅದು ತಪ್ಪಿದರೆ ಎರಡನೆಯ ಕಾಲ ಫಲಿತಾಂಶದ ನಂತರ. ನಡುವಿನ ಹದಿನೈದು ದಿನದ ಓಡಾಟದಿಂದ ಖರ್ಚು ಹೆಚ್ಚು, ಫಲ ಕಡಿಮೆ.

ಫಲಿತಾಂಶ ಬದಲಾಗುವಂತಿದೆಯೆ?

ವಿವಾದ ಹೂಡುವ ಮುಂಚೆ ಸೋತ ಅಭ್ಯರ್ಥಿ ತನ್ನನ್ನು ತಾನೇ ಕೇಳಿಕೊಳ್ಳಬೇಕಾದ ಪ್ರಶ್ನೆ ಒಂದಿದೆ: ನಡೆದ ತಪ್ಪಿನಿಂದ ಫಲಿತಾಂಶ ಬದಲಾಗಬಹುದಿತ್ತೆ? ಚುನಾವಣಾ ವಿವಾದದಲ್ಲಿ ತಪ್ಪು ನಡೆದಿದೆ ಎಂದು ತೋರಿಸಿದರಷ್ಟೇ ಸಾಲದು. ಅದರಿಂದ ಫಲಿತಾಂಶಕ್ಕೆ ನಿಜವಾದ ಧಕ್ಕೆ ತಗಲಿದೆ ಎಂದೂ ತೋರಿಸಬೇಕಾಗುತ್ತದೆ.

ಲೆಕ್ಕ ಹೀಗೆ. ಕೊನೆಯ ಸ್ಥಾನದಲ್ಲಿ ಗೆದ್ದವರಿಗೂ ಅವರ ಹಿಂದೆಯೇ ಸೋತವರಿಗೂ 7 ಮತಗಳ ಅಂತರವಿದೆ, 40 ಮಂದಿಗೆ ಅನ್ಯಾಯವಾಗಿ ಮತ ತಪ್ಪಿದೆ ಎಂದಿಟ್ಟುಕೊಳ್ಳಿ. ಆ 40 ಮತಗಳು ಬಿದ್ದಿದ್ದರೆ ಫಲಿತಾಂಶ ತಿರುಗಬಹುದಿತ್ತು, ವಿವಾದಕ್ಕೆ ಅರ್ಥವಿದೆ. ಅಂತರ 200 ಇದ್ದು ತಪ್ಪಿದ ಮತ 40 ಮಾತ್ರವಾದರೆ, ಅಷ್ಟೂ ಮತಗಳು ಸೋತವರಿಗೇ ಬಿದ್ದಿದ್ದರೂ ಅವರು ಗೆಲ್ಲುತ್ತಿರಲಿಲ್ಲ. ಅಂಥ ಕಡೆ ಆ 40 ಸದಸ್ಯರ ಹಕ್ಕನ್ನು ಮುಂದಿನ ಪಟ್ಟಿಯಲ್ಲಿ ಸರಿಪಡಿಸಿಕೊಡುವುದು ಸಂಘದ ಕರ್ತವ್ಯ. ಅದಕ್ಕಾಗಿ ಇಡೀ ಮಂಡಳಿಯನ್ನು ಉರುಳಿಸಲು ಹೊರಡುವುದು ಹಟ. ಎಣಿಕೆಯಲ್ಲಿ ಸಂಶಯವಿದ್ದರೆ ಫಲಿತಾಂಶ ಘೋಷಿಸುವ ಮುನ್ನವೇ, ಅಲ್ಲೇ, ಬರವಣಿಗೆಯಲ್ಲಿ ಮರುಎಣಿಕೆ ಕೇಳಬೇಕು. ಮನೆಗೆ ಹೋಗಿ ರಾತ್ರಿ ಯೋಚಿಸಿ ಬೆಳಿಗ್ಗೆ ಬಂದು ಕೇಳಿದರೆ ತೂಕ ಕಡಿಮೆ.

ಸಂಘಗಳು ಮಾಡಬೇಕಾದದ್ದು

ಅಡಿಕೆ ಬೆಳೆಗಾರನಿಗೆ ಕೊಳೆರೋಗದ ವಿಷಯ ಹೇಳಿಕೊಡಬೇಕಾಗಿಲ್ಲ. ಬೋರ್ಡೋ ದ್ರಾವಣವನ್ನು ಮಳೆ ಹಿಡಿಯುವ ಮುಂಚೆ ಹೊಡೆಯಬೇಕು; ಕಾಯಿ ಉದುರಲಾರಂಭಿಸಿದ ಮೇಲೆ ಎಷ್ಟು ಹೊಡೆದರೂ ಉದುರಿದ್ದು ಮರಳಿ ಗೊನೆಗೆ ಬರುವುದಿಲ್ಲ. ಮತದಾರರ ಪಟ್ಟಿಯ ವಿಷಯವೂ ಹಾಗೆಯೇ. ಈ ದೃಷ್ಟಿಯಿಂದ ಕೆಲವು ಸಲಹೆಗಳನ್ನು ಸದಸ್ಯರ ಮುಂದೆ ಇಡಬಯಸುತ್ತೇನೆ.

1. ಮತದಾರರ ಪಟ್ಟಿ ಐದು ವರ್ಷಕ್ಕೊಮ್ಮೆ ಹುಟ್ಟುವ ಕಾಗದವಾಗಬಾರದು. ಪ್ರತಿ ವರ್ಷ ಲೆಕ್ಕಪತ್ರ ಮುಗಿದ ಕೂಡಲೇ ಅರ್ಹರ ಮತ್ತು ಅನರ್ಹರ ಎರಡು ಪಟ್ಟಿಗಳನ್ನು ಸಂಘದ ಫಲಕದಲ್ಲೂ ಶಾಖೆಗಳಲ್ಲೂ ಹಚ್ಚಬೇಕು. ಅನರ್ಹನೆಂದು ತೋರಿಸಿದ ಪ್ರತಿ ಹೆಸರಿನ ಮುಂದೆ ಕಾರಣ ಬರೆದಿರಬೇಕು.

2. ಹೆಸರು ಬಿಡುವ ಮುಂಚೆ ಆ ಸದಸ್ಯನಿಗೆ ತಿಳುವಳಿಕೆ ಪತ್ರ ಕೈಸೇರಬೇಕು. ಅವನ ಸಮಾಧಾನವನ್ನು ಕೇಳಿ, ಮಂಡಳಿಯ ನಡವಳಿ ಪುಸ್ತಕದಲ್ಲಿ ದಾಖಲಿಸಬೇಕು. ನೋಟೀಸು ಕೊಡದೆ ಹೆಸರು ತೆಗೆದ ಸಂಘ ಮುಂದೆ ಎಲ್ಲಿಯೂ ತನ್ನನ್ನು ಸಮರ್ಥಿಸಿಕೊಳ್ಳಲಾರದು.

3. ಮೃತ ಸದಸ್ಯರ ವಾರಸುದಾರರಿಗೆ ಷೇರು ವರ್ಗಾವಣೆ ಮಾಡಿಕೊಡಲು ವರ್ಷಕ್ಕೊಂದು ದಿನ ಗೊತ್ತುಮಾಡಿ, ಕಾರ್ಯದರ್ಶಿಯವರು ಶಾಖೆಗೇ ಹೋಗಿ ಕಾಗದ ಪಡೆಯಲಿ. ಹೆಂಗಸರ ಹೆಸರಿಗೆ ತೋಟವಿದ್ದೂ ಸದಸ್ಯತ್ವವಿಲ್ಲದ ಮನೆಗಳು ಎಷ್ಟೋ ಇವೆ. ಅದೂ ಅಂದೇ ಸರಿಯಾಗಲಿ.

4. ಮಹಾಸಭೆಯ ಹಾಜರಿ ಪುಸ್ತಕವನ್ನು ಜವಾಬ್ದಾರಿಯಿಂದ ನಡೆಸಬೇಕು. ರುಜು ಹಾಕಿದ ಸದಸ್ಯನಿಗೆ ಒಂದು ಚೀಟಿ ಕೊಡಬೇಕು. ಸಭೆ ಮುಗಿಯುವ ಮುನ್ನ ಹಾಜರಾತಿಯ ಒಟ್ಟು ಸಂಖ್ಯೆಯನ್ನು ಓದಿ ಹೇಳಿ ನಡವಳಿಯಲ್ಲಿ ಬರೆಯಬೇಕು. ಮಳೆಯ ಊರುಗಳಲ್ಲಿ ಸಭೆಯ ಸ್ಥಳ ಮತ್ತು ಹೊತ್ತು ಬಸ್ಸಿನ ಅನುಕೂಲ ನೋಡಿ ಇಡಬೇಕು.

5. ಸದಸ್ಯರು ತೂಕದ ಚೀಟಿ, ಸಾಲ ತೀರಿಸಿದ ರಶೀದಿ, ಷೇರು ಪತ್ರಗಳನ್ನು ಜೋಪಾನವಾಗಿಡಬೇಕು. ಸಾಕ್ಷಿಯಿಲ್ಲದ ಹಕ್ಕು ಬಾಯಿಮಾತಿನ ಹಕ್ಕಾಗಿ ಉಳಿಯುತ್ತದೆ.

6. ಕೊಯ್ಲಿನ ನಡುವೆ ಚುನಾವಣೆ ಬೀಳದಂತೆ ಮಂಡಳಿಯು ಬಹಳ ಮುಂಚಿತವಾಗಿಯೇ ಪ್ರಾಧಿಕಾರಕ್ಕೆ ಬರೆಯಲಿ. ಕಾಫಿ ಹಣ್ಣು ಕೊಯ್ಯುವ, ಅಡಿಕೆ ಬೇಯಿಸುವ ದಿನಗಳಲ್ಲಿ ಸಣ್ಣ ಬೆಳೆಗಾರನಿಗೆ ಮತಗಟ್ಟೆಗೆ ಬರಲು ಪುರಸೊತ್ತಿರುವುದಿಲ್ಲ.

7. ಚುನಾವಣೆಗೆ ನಿಲ್ಲದ, ಎರಡೂ ಕಡೆಯವರು ಒಪ್ಪುವ ಮೂವರು ಹಿರಿಯ ಸದಸ್ಯರು ಪಟ್ಟಿಯ ತಕರಾರುಗಳನ್ನು ಕುಳಿತು ನೋಡಲಿ. ಅವರಿಗೆ ಚುನಾವಣೆ ರದ್ದು ಮಾಡುವ ಅಧಿಕಾರವಿಲ್ಲ, ಕಾನೂನಿನ ಅನರ್ಹತೆಯನ್ನು ಮನ್ನಿಸುವ ಅಧಿಕಾರವೂ ಇಲ್ಲ. ಆದರೆ ರಶೀದಿ ನೋಡಿ 'ಇದು ಕಾರಕೂನರ ಕೈತಪ್ಪು' ಎಂದು ಹೇಳಿ ಮಂಡಳಿಯಿಂದ ತಿದ್ದಿಸಲು ಅವರೇ ಸಾಕು. ಕಾಗದದ ತಪ್ಪಿನಿಂದ ಹುಟ್ಟಿದ ತಕರಾರು ಅಲ್ಲಿಗೇ ಮುಗಿದರೆ ನಿಬಂಧಕರವರೆಗೆ ಹೋಗಬೇಕಾದದ್ದು ನಿಜವಾದ ವಿವಾದ ಮಾತ್ರ.

8. ಗೆದ್ದ ನಿರ್ದೇಶಕರು ತಮ್ಮ ಗೆಲುವನ್ನು ಉಳಿಸಿಕೊಳ್ಳುವ ದಾವೆಗೆ ಸಂಘದ ಹಣ ಮುಟ್ಟಬಾರದು. ಸಂಘದ ಕೆಲಸ ದಾಖಲೆಗಳನ್ನು ಸತ್ಯವಾಗಿ ಹಾಜರುಪಡಿಸುವುದು. ಯಾರೊಬ್ಬರ ಪರವಾಗಿ ವಾದಿಸುವುದಲ್ಲ. ವಕೀಲರ ಶುಲ್ಕವೆಂದು ಬರೆಯುವ ಪ್ರತಿ ರೂಪಾಯಿಯೂ ಸದಸ್ಯನ ಲಾಭಾಂಶದಿಂದ ಹೋಗುತ್ತದೆ.

ಸರ್ಕಾರದ ಹೊಣೆ

ಸದಸ್ಯರಿಗೆ ಬುದ್ಧಿ ಹೇಳಿದಷ್ಟಕ್ಕೆ ಮುಗಿಯಲಿಲ್ಲ. ಕಾನೂನು ತೋರಿಸಿದ ಬಾಗಿಲು ತಟ್ಟಿದವನಿಗೆ ಆ ಬಾಗಿಲು ಸಕಾಲದಲ್ಲಿ ತೆರೆಯಬೇಕು. ಐದು ವರ್ಷದ ಮಂಡಳಿಯ ಚುನಾವಣೆ ಅಕ್ರಮವೆಂದು ನಾಲ್ಕನೆಯ ವರ್ಷದಲ್ಲಿ ತೀರ್ಪು ಬಂದರೆ ಅದರಿಂದ ಯಾರಿಗೆ ಪ್ರಯೋಜನ? ಊರು ಕೊಳ್ಳೆ ಹೋದ ಮೇಲೆ ಕೋಟೆ ಬಾಗಿಲು ಹಾಕಿದಂತೆ. ಚುನಾವಣಾ ವಿವಾದಗಳನ್ನು ಉಳಿದ ಸಾಲ ವಸೂಲಿ ಪ್ರಕರಣಗಳ ರಾಶಿಯಿಂದ ಬೇರ್ಪಡಿಸಿ, ಆರು ತಿಂಗಳೊಳಗೆ ತೀರ್ಮಾನವಾಗುವಂತೆ ಮಾಡಬೇಕು. ಮೇಲ್ಮನವಿಗೂ ಅಷ್ಟೇ ಕಟ್ಟುನಿಟ್ಟು ಇರಬೇಕು.

ಇನ್ನೊಂದು ಮಾತು. ಸಂಘವನ್ನು ತಪಾಸಣೆ ಮಾಡುವ, ಆಡಳಿತಾಧಿಕಾರಿಯನ್ನು ಕಳಿಸುವ ಇಲಾಖೆಯೇ ಚುನಾವಣೆಯ ವಿವಾದವನ್ನೂ ತೀರ್ಮಾನಿಸುತ್ತದೆ. ಅಧಿಕಾರಿಗಳು ಎಷ್ಟೇ ಪ್ರಾಮಾಣಿಕರಾಗಿರಲಿ, ಸೋತವನಿಗೆ ಸಂಶಯ ಉಳಿಯುತ್ತದೆ. ಆ ಸಂಶಯವೇ ಅವನನ್ನು ಉಚ್ಚ ನ್ಯಾಯಾಲಯದ ಮೆಟ್ಟಿಲು ಹತ್ತಿಸುತ್ತದೆ. ಚುನಾವಣೆ ನಡೆಸಲು ಪ್ರತ್ಯೇಕ ಪ್ರಾಧಿಕಾರ ಬೇಕೆಂದು ಒಪ್ಪಿಕೊಂಡ ಮೇಲೆ, ಅದರ ವಿವಾದ ಕೇಳಲು ನ್ಯಾಯಾಂಗದ ಅನುಭವವುಳ್ಳ ಪ್ರತ್ಯೇಕ ಪೀಠ ಬೇಕೆಂಬುದನ್ನು ಒಪ್ಪಲು ಅಡ್ಡಿಯೇನು? ಸಹಕಾರಿ ಮಹಾಮಂಡಳಗಳು ಈ ಬೇಡಿಕೆಯನ್ನು ಒಕ್ಕೊರಲಿನಿಂದ ಮುಂದಿಡಬೇಕು. ಹಾಗೆಯೇ ಮಹಾಸಭೆಗೆ ಗೈರಾದವರ ಮತ ಕಳೆಯುವ ನಿಯಮವನ್ನು ಮಲೆನಾಡಿನ ಮಳೆ, ವಯಸ್ಸು, ಕಾಯಿಲೆಗಳನ್ನು ಗಮನಿಸಿ ಸಡಿಲಿಸುವ ಅಗತ್ಯವಿದೆ. ಸದಸ್ಯರನ್ನು ಸಭೆಗೆ ಕರೆತರಲು ಮಾಡಿದ ನಿಯಮ ಸದಸ್ಯರನ್ನು ಸಂಘದಿಂದ ಹೊರಗಿಡುವ ಉಪಾಯವಾಗಬಾರದು.

ಕೋರ್ಟಿನಲ್ಲಿ ಗೆದ್ದವನು ಸೋತ, ಸೋತವನು ಸತ್ತ ಎಂದು ಹಿರಿಯರು ಸುಮ್ಮನೆ ಹೇಳಲಿಲ್ಲ. ಚುನಾವಣೆಯಲ್ಲಿ ಎದುರುಬದುರು ನಿಂತವರು ಮರುವಾರ ಒಂದೇ ಟೆಂಡರಿನಲ್ಲಿ ಅಡಿಕೆ ಇಡುವವರು, ಒಂದೇ ಹಳ್ಳದ ನೀರು ಹಂಚಿಕೊಳ್ಳುವವರು. ಹೋರಾಟ ಮತಪೆಟ್ಟಿಗೆಯಲ್ಲಿ ನಡೆಯಲಿ, ವಿವಾದ ಕಾನೂನಿನ ಬಾಗಿಲಲ್ಲಿ ನಡೆಯಲಿ, ಸಂಘದ ತಕ್ಕಡಿ ಮಾತ್ರ ಒಂದು ದಿನವೂ ನಿಲ್ಲದಿರಲಿ. ಈ ಸಲದ ಮಹಾಸಭೆಗೆ ಬಂದಾಗ ಪ್ರತಿಯೊಬ್ಬ ಸದಸ್ಯರೂ ಫಲಕದ ಬಳಿ ಹೋಗಿ ತಮ್ಮ ಹೆಸರು ಯಾವ ಪಟ್ಟಿಯಲ್ಲಿದೆ ಎಂದು ನೋಡಿಕೊಳ್ಳಬೇಕೆಂದು ವಿನಂತಿ. ಪಟ್ಟಿಯೇ ಇಲ್ಲದಿದ್ದರೆ, ಅದೇಕೆ ಇಲ್ಲವೆಂದು ಸಭೆಯಲ್ಲಿ ಎದ್ದುನಿಂತು ಕೇಳಲು ಸಂಕೋಚಪಡಬೇಕಾದದ್ದಿಲ್ಲ.